ಪೆಟ್ಟಿಗೆಯ ಅಂಚಿನಲ್ಲಿ ಮೂರು ಬಡಿತ

"ನಿಲ್ಲಿಸು ಸುನಿಲಾ! ಅಲ್ಲಿಯೇ ನಿಲ್ಲಿಸು!"

ಕೂಗಿದ್ದು ತಾನೇ ಎಂದು ಉಮಾವತಿಗೆ ತಿಳಿದದ್ದು, ಕೋಣೆಯಲ್ಲಿದ್ದ ಮೂವರೂ ತಿರುಗಿ ತನ್ನ ಮುಖ ನೋಡಿದಾಗ.

ಹೊರಗೆ ಠಾಣೆ ಊರಿನ ಕೋಪರಿಯ ಗಲ್ಲಿಯಲ್ಲಿ ಮಟಮಟ ಮಧ್ಯಾಹ್ನ. ಒಳಗೆ, ಕಿಟಕಿಗೆ ಕಪ್ಪು ಕಾಗದ ಅಂಟಿಸಿದ ಎಡಿಟಿಂಗ್ ಕೋಣೆಯಲ್ಲಿ ಕಂಪ್ಯೂಟರಿನ ಬೆಳಕು ಬಿಟ್ಟರೆ ಇನ್ನೊಂದು ಬೆಳಕಿಲ್ಲ. ಆ ಬೆಳಕಿನಲ್ಲೊಂದು ಶವಪೆಟ್ಟಿಗೆ. ಪೆಟ್ಟಿಗೆಯಲ್ಲಿ ಜಟ್ಟೆಪ್ಪ. ಅವನ ಮುಖದ ಮೇಲೆ ಉಮಾವತಿ ತನ್ನ ಕೈಯಾರೆ ಮಾಡಿದ ರಬ್ಬರ್ ಮುಖ. ಬೂದಿ ಬಣ್ಣ, ಬಿರಿದ ತುಟಿ, ಮುಚ್ಚಿದ ಕಣ್ಣು.

ಒಂಬತ್ತು ದಿನದ ಹಿಂದೆ ಡೊಂಬಿವಲಿಯ ಒಂದು ಮುಚ್ಚಿದ ಕಾರ್ಖಾನೆಯ ಶೆಡ್ಡಿನಲ್ಲಿ ತೆಗೆದ ದೃಶ್ಯ ಇದು. ಅಂದಿನಿಂದ ಜಟ್ಟೆಪ್ಪನನ್ನು ಕಂಡವರಿಲ್ಲ.

"ಏನು ಕಾಣಿಸ್ತು ಉಮಾವತಿಯವರೇ?" ಶ್ರೀವಿದ್ಯಾ ಕೇಳಿದಳು.

ಶ್ರೀವಿದ್ಯಾ ಮೈಸೂರಿನ ಕಡೆಯವಳು. ವಿಮಾ ಕಂಪನಿಯೊಂದರಲ್ಲಿ ಸುಳ್ಳು ಅರ್ಜಿಗಳ ಬೆನ್ನು ಹತ್ತುವ ಕೆಲಸ ಬಿಟ್ಟು ಈಗ ಸ್ವಂತ ಪತ್ತೇದಾರಿಕೆ ನಡೆಸುತ್ತಿದ್ದಳು. ಜಟ್ಟೆಪ್ಪನ ಹೆಂಡತಿ ಮರಗಮ್ಮ ಸಾನಪಾಡಾದಿಂದ ಬಂದು ಆಕೆಯ ಕೈ ಹಿಡಿದು ಅತ್ತಿದ್ದಳು. ಧ್ವನಿ ಎತ್ತಿ ಮಾತಾಡಿದವಳಲ್ಲ ಶ್ರೀವಿದ್ಯಾ. ಕೈಗೆ ನಾಲ್ಕರಂತೆ ತೊಟ್ಟ ಹಸಿರು ಗಾಜಿನ ಬಳೆಗಳೇ ಆಕೆಗಿಂತ ಹೆಚ್ಚು ಸದ್ದು ಮಾಡುತ್ತಿದ್ದವು.

"ಎಂತದೂ ಇಲ್ಲ," ಎಂದಳು ಉಮಾವತಿ. "ನೋಡಿ ಸ್ವಲ್ಪ ಹೆದರಿಕೆ ಆಯ್ತು."

"ಕೇಳಿದಿರಾ ಮೇಡಂ?" ಸೋಫಾದಲ್ಲಿ ಕಾಲು ಚಾಚಿ ಕೂತಿದ್ದ ಮುಂಡಪ್ಪ ನಕ್ಕ. "ಇಪ್ಪತ್ತಮೂರು ವರ್ಷ ಭೂತ ಮಾಡಿದವರಿಗೆ ಭೂತದ ಹೆದರಿಕೆಯಂತೆ! ಅಡಿಗೆಭಟ್ಟನಿಗೆ ಒಗ್ಗರಣೆಯ ಹೆದರಿಕೆ ಆದ ಹಾಗಾಯ್ತು."

ಮುಂಡಪ್ಪ ನಿರ್ಮಾಪಕ, ನಿರ್ದೇಶಕ, ಎಲ್ಲ. ಪರದೇಶದ ಹಳೆಯ ಭಯದ ಚಿತ್ರಗಳನ್ನು ಹತ್ತು ಜನ ಇಟ್ಟುಕೊಂಡು ಹತ್ತು ದಿನದಲ್ಲಿ ಮತ್ತೆ ತೆಗೆಯುವುದು ಅವನ ಕಸುಬು. ಅಸಲು ಚಿತ್ರವನ್ನು ಫೋನಿನಲ್ಲಿ ನಿಲ್ಲಿಸಿ ತೋರಿಸಿ, "ಇದೇ ಕೋನ, ಇದೇ ನೆರಳು," ಎಂದು ಕ್ಯಾಮೆರಾ ಇಡಿಸುತ್ತಿದ್ದ. ಅಂಥ ಇಪ್ಪತ್ತೊಂದು ಚಿತ್ರಗಳಲ್ಲಿ ಭೂತ ಒಂದೇ, ಜಟ್ಟೆಪ್ಪ.

ವಿಜಯಪುರದ ಕಡೆಯಿಂದ ವಾಶಿಯ ಮಾರ್ಕೆಟ್ಟಿಗೆ ಚೀಲ ಹೊರಲು ಬಂದ ಆರೂಕಾಲು ಅಡಿಯ ಮನುಷ್ಯ. ರಕ್ತ ಕುಡಿಯುವ ದೊರೆ ಆದ, ಬಟ್ಟೆ ಸುತ್ತಿದ ಹೆಣ ಆದ, ತುಂಡು ತುಂಡು ಹೊಲಿದು ಮಾಡಿದ ಮನುಷ್ಯ ಆದ. ಇಪ್ಪತ್ತೊಂದರಲ್ಲಿ ಒಂದರಲ್ಲೂ ಅವನ ಸ್ವಂತ ಮುಖ ಬರಲಿಲ್ಲ. ಮನೆಯ ಗೋಡೆಗೆ ಹಚ್ಚಿದ ಪೋಸ್ಟರ್ ತೋರಿಸಿ ಮರಗಮ್ಮ, "ಇದರಾಗ ನೀ ಎಲ್ಲಿ ಅದೀ?" ಎಂದರೆ, "ಅದರ ಒಳಗ ಅದೀನಿ," ಎನ್ನುತ್ತಿದ್ದನಂತೆ.

ಈ ಇಪ್ಪತ್ತೊಂದನೆಯದರಲ್ಲಿ ಮಾತ್ರ ಹಟ ಹಿಡಿದಿದ್ದ. ಕಡೆಯ ದೃಶ್ಯದಲ್ಲಿ ಮುಖವಾಡ ತೆಗೆದು ತನ್ನ ಮುಖ ತೋರಿಸುತ್ತೇನೆ, ಇಲ್ಲದಿದ್ದರೆ ಪೆಟ್ಟಿಗೆಯಲ್ಲಿ ಮಲಗುವುದಿಲ್ಲ. ಅದಕ್ಕೆ ಅವನಿಗೂ ಮುಂಡಪ್ಪನಿಗೂ ದೊಡ್ಡ ಜಗಳವೇ ಆಗಿ, ಕಡೆಗೆ ಹೇಗೋ ಮಲಗಿದ್ದ.

"ಇನ್ನೊಮ್ಮೆ ಹಾಕಿ," ಎಂದಳು ಶ್ರೀವಿದ್ಯಾ.

ಎಡಿಟರ್ ಸುನಿಲ ಮೌಸ್ ಒತ್ತಿದ. ನಲವತ್ತರ ಮೆತ್ತನೆಯ ಮನುಷ್ಯ. ಬಂದಾಗ ಉಮಾವತಿಗೆ ಕುರ್ಚಿ ಎಳೆದು ಕೊಟ್ಟವನು ಅವನೊಬ್ಬನೇ.

ಪೆಟ್ಟಿಗೆ. ಹೊಗೆ. ಅಲುಗದ ಬೂದಿ ಮುಖ. ಪೆಟ್ಟಿಗೆಯ ಅಂಚಿನ ಮೇಲೆ ಬಲಗೈ.

ತೋರುಬೆರಳು ಎದ್ದಿತು, ಬಿತ್ತು. ಎದ್ದಿತು, ಬಿತ್ತು. ಎದ್ದಿತು, ಬಿತ್ತು.

ನಿಂತಿತು. ಮತ್ತೆ ಮೂರು ಸಲ.

ಚಿತ್ರದೊಳಗಿಂದ ಮುಂಡಪ್ಪನ ಕೂಗು: "ಏ ಜಟ್ಟೆಪ್ಪಾ! ನೀನು ಹೆಣ ಮಾರಾಯ! ಹೆಣ ಕೈ ಆಡಿಸುತ್ತದಾ?" ಎಲ್ಲರ ನಗು. ಬೆರಳು ಇನ್ನೊಮ್ಮೆ ಎದ್ದಿತು. ಎರಡನೆಯ ಸಲಕ್ಕೆ ಅರ್ಧಕ್ಕೇ ಕುಸಿಯಿತು.

ಉಮಾವತಿ ಕುರ್ಚಿಯಿಂದ ಎದ್ದು ಸುನಿಲನ ಕುರ್ಚಿಯ ಬೆನ್ನು ಹಿಡಿದು ನಿಂತಳು.

"ಅದು ನಮ್ಮಿಬ್ಬರ ಮಾತು," ಎಂದಳು.

"ಯಾವುದು?"

"ಬೆರಳು. ರಬ್ಬರ್ ಮುಖ ಮಾಡುವ ಮೊದಲು ಅವನ ಮುಖದ ಅಚ್ಚು ತೆಗೀಬೇಕು ಮೇಡಂ. ಮುಖದ ತುಂಬ ಪ್ಲಾಸ್ಟರ್ ಹಚ್ಚುವುದು, ಮೂಗಿನ ಹೊಳ್ಳೆ ಮಾತ್ರ ಬಿಡುವುದು. ಅದು ಗಟ್ಟಿ ಆಗುವವರೆಗೆ ಕಣ್ಣು ತೆರೆಯುವ ಹಾಗಿಲ್ಲ, ಬಾಯಿ ಬಿಡುವ ಹಾಗಿಲ್ಲ. ಅದಕ್ಕೆ ಬೆರಳಲ್ಲಿ ಬಡಿದು ಹೇಳುವುದು. ಒಂದು ಬಡಿದರೆ ಸರಿ ಇದ್ದೇನೆ. ಎರಡು ಬಡಿದರೆ ಬೇಗ ಮುಗಿಸು."

"ಮೂರು?"

"ಉಸಿರು ಕಟ್ಟುತ್ತಾ ಉಂಟು. ಈಗಲೇ ತೆಗೆ." ಅವಳು ಪರದೆಯತ್ತ ತಿರುಗಿದಳು. "ಇಷ್ಟು ವರ್ಷದಲ್ಲಿ ಒಂದೇ ಸಲ ಮೂರು ಬಡಿದದ್ದು. ಕಿತ್ತು ತೆಗೆದೆ. ಅರ್ಧ ಹುಬ್ಬು ಪ್ಲಾಸ್ಟರಿನ ಜೊತೆ ಬಂತು. ಆದರೂ ನಕ್ಕ. 'ಹುಬ್ಬು ಹೋದರ ಬರ್ತೈತಿ ಯಕ್ಕಾ,' ಅಂತ."

"ಹಾಗಾದರೆ," ಶ್ರೀವಿದ್ಯಾ ಮೆಲ್ಲಗೆ ಕೇಳಿದಳು, "ಅವತ್ತು ನೀವು ಯಾಕೆ ತೆಗೀಲಿಲ್ಲ? ಪೊಲೀಸರ ಹತ್ರ ಏನು ಬರೆಸಿದ್ದೀರಿ? ಐದು ಗಂಟೆಗೆ ನಾನೇ ಮುಖ ಬಿಡಿಸಿದೆ, ಅವನು ಸ್ಟೇಷನ್ ಕಡೆ ನಡೆದು ಹೋದ, ಅಂತ ಅಲ್ವಾ?"

ಒಂಬತ್ತು ದಿನ ನುಂಗಿದ್ದು ಇನ್ನು ನುಂಗಲು ಆಗಲಿಲ್ಲ.

"ನಾನು ಅಲ್ಲಿರಲಿಲ್ಲ."

ಮುಂಡಪ್ಪ ಚಾಚಿದ ಕಾಲು ಎಳೆದುಕೊಂಡ. "ಎಂತ?"

"ಮೂರೂಮುಕ್ಕಾಲಿಗೇ ಹೊರಟೆ. ಐದರ ನಂತರದ ನೂಕುನುಗ್ಗಲಿನಲ್ಲಿ ಡೊಂಬಿವಲಿಯಲ್ಲಿ ಲೇಡೀಸ್ ಡಬ್ಬಿ ಹತ್ತುವ ಮೊಣಕಾಲು ನನಗೆ ಇಲ್ಲ. ಮುಖ ಬಿಡಿಸುವ ಎಣ್ಣೆ ಸುನಿಲನ ಕೈಯಲ್ಲಿ ಕೊಟ್ಟು ಹಿಂದಿನ ಬಾಗಿಲಿಂದ ಹೋದೆ. ಇಪ್ಪತ್ತಮೂರು ವರ್ಷದಲ್ಲಿ ಅದೊಂದೇ ದಿನ ಮೇಡಂ. ನಾನು ಹಚ್ಚಿದ ಮುಖ ನಾನೇ ಬಿಡಿಸುವುದು ಅಂತ ಊರಿಡೀ ಹೇಳಿಕೊಂಡು ಬಂದವಳು... ಪೊಲೀಸರು ಕೇಳಿದಾಗ ನಾಲಿಗೆ ಹಾಗೇ ತಿರುಗಿತು."

"ಖರೇ ಐತ್ರಿ," ಸುನಿಲ ಪರದೆಯಿಂದ ಕಣ್ಣು ತೆಗೆಯದೆ ಹೇಳಿದ. "ನಾ ಬಿಡಸಾಕ ಹೋದಾಗ ಪೆಟ್ಟಿಗ್ಯಾಗ ಯಾರೂ ಇರಲಿಲ್ರಿ. ಯಕ್ಕನ ಮಾನ ಹೋಗಬಾರದು ಅಂತ ನಾನೂ ಸುಮ್ನಿದ್ದೆ."

ಉಮಾವತಿಗೆ ಅವನ ಕಾಲು ಮುಟ್ಟಬೇಕೆನಿಸಿತು.

ಶ್ರೀವಿದ್ಯಾ ಬೈಯಲಿಲ್ಲ. ಬೈದಿದ್ದರೆ ವಾಸಿಯಿತ್ತು. "ನಿಮ್ಮ ಮಾತು ನಂಬಿ ಪೊಲೀಸರು ಒಂಬತ್ತು ದಿನ ಸ್ಟೇಷನ್ನು, ಹಳಿ, ಆಸ್ಪತ್ರೆ ಹುಡುಕ್ತಿದ್ದಾರೆ," ಎಂದಳು ಅಷ್ಟೇ. "ಅವನು ಆ ಶೆಡ್ಡಿನಿಂದ ನಡೆದು ಹೊರಗೆ ಬಂದೇ ಇಲ್ಲವೇನೋ."

ಮುಂಡಪ್ಪ ಎದ್ದು ನಿಂತ. "ನೋಡಿ ಮೇಡಂ, ಎಂತೆಂತದೋ ಕಟ್ಟಬೇಡಿ. ಸೀನ್ ಮುಗಿದ ಮೇಲೆ ಅವ ಎದ್ದು ಕೂತು ನಕ್ಕಿದ್ದಾನೆ. ನಾನೇ ನೋಡಿದ್ದೇನೆ!"

ಅದು ಅವರ ಪದ್ಧತಿ. ಸಿನಿಮಾದಲ್ಲಿ ಹೆಣವಾಗಿ ಮಲಗಿದವನು ದೃಶ್ಯ ಮುಗಿದೊಡನೆ ಎದ್ದು ಕ್ಯಾಮೆರಾಕ್ಕೆ ನಕ್ಕು ತೋರಿಸಬೇಕು. ಇಲ್ಲದಿದ್ದರೆ ಅಪಶಕುನ. ಜಟ್ಟೆಪ್ಪ ನಗುವುದರ ಜೊತೆಗೆ ಮುಖವಾಡದೊಳಗಿಂದಲೇ ಗಟ್ಟಿಯಾಗಿ ಹೇಳುತ್ತಿದ್ದ: "ಯಕ್ಕಾ, ನಾ ಜೀವಂತ ಅದೀನ್ರಿ!" ಅದನ್ನು ಕೇಳಿದ ಮೇಲೆಯೇ ಉಮಾವತಿ ಎಣ್ಣೆ ಹಿಡಿದು ಹೋಗುವುದು.

"ಆ ನಗು ನೋಡೋಣ," ಎಂದಳು ಶ್ರೀವಿದ್ಯಾ.

"ಅದನ್ನೆಲ್ಲ ಯಾರು ಇಟ್ಟುಕೊಳ್ಳುತ್ತಾರೆ? ಅಳಿಸುತ್ತೇವೆ."

"ಮತ್ತೆ ಅಲ್ಲಿ ಪರದೆಯ ಕೆಳಗಿನ ಮೂಲೆಯಲ್ಲಿ 'ನಗು' ಅಂತ ಬರೆದಿರೋದು ಏನು?"

ಸುನಿಲನ ಕೈ ಮೌಸಿನ ಮೇಲೆ ಒಂದು ಗಳಿಗೆ ತಡೆಯಿತು. "ಹಳೇವು ಇರ್ಬೇಕ್ರಿ," ಎಂದು ಒತ್ತಿದ. ಹಳೆಯವೂ ಇದ್ದವು. ಎಲ್ಲಕ್ಕಿಂತ ಕೆಳಗೆ ಆ ದಿನದ್ದೂ ಇತ್ತು.

ಪೆಟ್ಟಿಗೆಯಲ್ಲಿ ಹೆಣ ಎದ್ದು ಕೂತಿತು. ಕಣ್ಣು ಮುಚ್ಚಿದ ಆ ಬೂದಿ ಮುಖ ಕ್ಯಾಮೆರಾದತ್ತ ತಿರುಗಿತು. ಭುಜ ಕುಲುಕಿತು. ನಗು ಬಂತು. ಮಾತು ಬರಲಿಲ್ಲ.

ಉಮಾವತಿ ಪರದೆಯತ್ತ ಬಗ್ಗಿದಳು. ಮುಖ ತನ್ನದೇ, ಒಳಗಿರುವುದು ಯಾರು?

"ಕಿವಿ," ಎಂದಳು. "ಎಡಗಿವಿ ದೊಡ್ಡದು ಮಾಡು."

ಸುನಿಲ ದೊಡ್ಡದು ಮಾಡಿದ. ರಬ್ಬರಿನ ಅಂಚು ಕಿವಿಯ ಹಿಂದೆ ಚರ್ಮದಲ್ಲಿ ಕರಗಿಹೋಗಿತ್ತು. ಅಂಚಿನ ಮೇಲೆ ಹತ್ತಿಯ ಸಣ್ಣ ಸಣ್ಣ ಎಳೆ ಹಾಸಿ ಅಂಟಿಸಿದ ಕೆಲಸ.

"ಇವ ಜಟ್ಟೆಪ್ಪ ಅಲ್ಲ. ಅವನ ಎಡಗಿವಿಯ ಹಿಂದೆ ಗೋಂದು ತಾಗಿದರೆ ಬೊಬ್ಬೆ ಏಳುತ್ತದೆ. ಅಲ್ಲಿ ನಾನು ಗೋಂದು ಹಚ್ಚುವುದೇ ಇಲ್ಲ, ಪಟ್ಟಿ ಕಟ್ಟುವುದು. ಮತ್ತೆ... ಈ ಮುಖ ನಾನು ಹಾಕಿದ್ದಲ್ಲ. ಇದು ಇನ್ನೊಂದು ಮುಖ."

"ಬೆರಳಿನ ದೃಶ್ಯಕ್ಕೂ ಈ ನಗುವಿಗೂ ಮಧ್ಯೆ ಏನಾಯ್ತು?" ಶ್ರೀವಿದ್ಯಾ ಮುಂಡಪ್ಪನ ಕಡೆ ತಿರುಗಿದಳು. ಬಳೆಗಳು ಝಲ್ಲೆಂದವು.

"ಚಹಾ," ಎಂದ ಮುಂಡಪ್ಪ. ಅವನ ಧ್ವನಿಯ ಗತ್ತು ಇಳಿದಿತ್ತು. "ಎಲ್ಲ ಅಂಗಳಕ್ಕೆ ಹೋದೆವು. ಜಟ್ಟೆಪ್ಪ ಪೆಟ್ಟಿಗೆಯಲ್ಲೇ ಮಲಗುವುದು, ಎದ್ದರೆ ಮೇಕಪ್ ಹಾಳು. ಕಾಲು ಗಂಟೆ. ತಿರುಗಿ ಬಂದು ನಗು ತೆಗೆದೆವು."

"ಆ ಕಾಲು ಗಂಟೆ ಒಳಗೆ ಯಾರಿದ್ದರು?"

"ಯಾರು ಲೆಕ್ಕ ಇಡುತ್ತಾರೆ? ನನ್ನಲ್ಲಿ ಒಬ್ಬನಿಗೆ ನಾಲ್ಕು ಕೆಲಸ. ಎಡಿಟಿಂಗ್ ಮಾಡುವವನೇ ಚಹಾ ತರುವುದು, ಚಹಾ ತರುವವನೇ ಪೆಟ್ಟಿಗೆ ಹೊರುವುದು. ಇದೇನು ದೊಡ್ಡ ಸ್ಟುಡಿಯೋ ಅಲ್ಲ."

"ನಿಜ. ಭೂತದ ಸಿನಿಮಾದ ಜಾಗದಿಂದ ಹೆಣದಂಥ ಮನುಷ್ಯನನ್ನು ಹೊತ್ತು ಹೊರಗೆ ಹೋದರೂ ಯಾರೂ ಕೇಳೋದಿಲ್ಲ," ಎಂದಳು ಶ್ರೀವಿದ್ಯಾ. "ಮುಖ ತೋರಿಸ್ತೀನಿ ಅಂತ ಹಟ ಹಿಡಿದಿದ್ದ. ನೀವು ಬೇಡ ಅಂದಿದ್ದಿರಿ."

"ಬೇಡ ಅಂದೆ! ಜನ ದುಡ್ಡು ಕೊಡುವುದು ಮುಖವಾಡಕ್ಕೆ, ಅವನ ಮೋರೆಗೆ ಅಲ್ಲ. ಆದರೆ ಅವನಿಲ್ಲದೆ ನನಗೆ ಎಂತ ಉಂಟು? ಇಪ್ಪತ್ತೆರಡನೆಯದು ಯಾರನ್ನು ಇಟ್ಟು ತೆಗೆಯಲಿ, ನಿಮ್ಮನ್ನಾ?" ಮುಂಡಪ್ಪನ ಕೆನ್ನೆ ಅದುರಿತು. ಸಿಟ್ಟೋ ದುಃಖವೋ ಉಮಾವತಿಗೆ ತಿಳಿಯಲಿಲ್ಲ. "ಕಲ್ಯಾಣದಲ್ಲಿ ನನಗೆ ಕೆಲಸ ಉಂಟು. ಇನ್ನು ಏನಿದ್ದರೂ ವಕೀಲರ ಮುಂದೆ."

ಬಾಗಿಲು ಧಡಾರನೆ ಮುಚ್ಚಿತು.

ಶ್ರೀವಿದ್ಯಾ ಉಮಾವತಿಯನ್ನು ಪಕ್ಕಕ್ಕೆ ಕರೆದಳು. "ಎರಡನೇ ಮುಖ ಮಾಡಬೇಕಾದರೆ ಅಚ್ಚು ಬೇಕಲ್ವಾ? ಅಚ್ಚು ಎಲ್ಲಿದೆ?"

"ಕೋಪರಖೈರಣೆಯಲ್ಲಿ. ನನ್ನ ಮನೆಯ ಅಟ್ಟದ ಮೇಲೆ."

"ಹತ್ತಿ ಎಳೆ ಹಾಸೋ ಆ ಕೆಲಸ ಇನ್ಯಾರಿಗೆ ಬರುತ್ತೆ?"

ಉಮಾವತಿ ಚೀಲ ಹೆಗಲಿಗೇರಿಸಿದಳು. ಉತ್ತರ ಅವಳ ಮನೆಯಲ್ಲೇ ಇತ್ತು.

"ಸೀದಾ ಮನೆಗೆ ಹೋಗಿ. ಅಚ್ಚು ನೋಡಿ, ಮುಟ್ಟಬೇಡಿ. ಯಾರಿಗೂ ಒಂದು ಮಾತೂ ಹೇಳಬೇಡಿ, ನನಗೆ ಮಾತ್ರ ಫೋನ್ ಮಾಡಿ. ನಾನು ಈ ಎರಡು ತುಣುಕಿನ ಕಾಪಿ ತಗೊಂಡೇ ಇಲ್ಲಿಂದ ಏಳೋದು."

"ಅರ್ಧ ತಾಸು ಹಿಡಿತೈತ್ರಿ ಮೇಡಂ," ಎಂದ ಸುನಿಲ. "ಕುಂದ್ರಿ. ಚಹಾ ಮಾಡ್ತೀನಿ. ಯಕ್ಕಾ, ನೀವೂ ಕುಡ್ಕೊಂಡ ಹೋಗ್ರೆಲಾ?"

"ಬೇಡಪ್ಪ, ಗಾಡಿ ತಪ್ಪುತ್ತದೆ," ಎಂದು ಉಮಾವತಿ ಮೆಟ್ಟಿಲಿಳಿದಳು.

ಠಾಣೆ ಸ್ಟೇಷನ್ನಿನಲ್ಲಿ ಲೋಕಲ್ ರೈಲು ಖಾಲಿಯಿತ್ತು. ಎದುರಿನ ಸೀಟಿನಲ್ಲಿ ಒಬ್ಬಳು ಮುಖದ ಮೇಲೆ ದುಪಟ್ಟಾ ಎಳೆದುಕೊಂಡು ಮಲಗಿದ್ದಳು. ಉಮಾವತಿಯ ಕಣ್ಣು ಅವಳ ಬೆರಳಿನ ಮೇಲೆಯೇ. ಐರೋಲಿ ದಾಟಿತು, ಘಣಸೋಲಿ ದಾಟಿತು. ಆ ಬೆರಳು ಅಲುಗಲಿಲ್ಲ. ಅಲುಗದಿದ್ದರೂ ಭಯ, ಅಲುಗಿದರೂ ಭಯ.

ಪೆಟ್ಟಿಗೆಯಲ್ಲಿ ಮಲಗಿದವನಿಗೆ ಏನೂ ಕಾಣಿಸುತ್ತಿರಲಿಲ್ಲ. ಆ ಮುಖಕ್ಕೆ ಕಣ್ಣು ಕೊರೆದಿರಲಿಲ್ಲ, ಹೆಣಕ್ಕೆ ಯಾಕೆ ಕಣ್ಣು ಎಂದು. ಕತ್ತಲಲ್ಲಿ ಮಲಗಿ, ಯಕ್ಕ ಪಕ್ಕದಲ್ಲೇ ಇದ್ದಾಳೆ ಎಂದುಕೊಂಡು ಅವನು ಬಡಿದ. ಯಕ್ಕ ಆ ಹೊತ್ತಿಗೆ ಡೊಂಬಿವಲಿಯ ಪ್ಲಾಟ್‌ಫಾರ್ಮಿನಲ್ಲಿ ಕೂತು ಕಡಲೆಕಾಯಿ ಬಿಡಿಸುತ್ತಿದ್ದಳು.

ಬಾಗಿಲು ತೆಗೆದದ್ದು ಗಗನಾ. ತಂಗಿಯ ಮಗಳು. ತಾಯಿ ಸತ್ತ ಮೇಲೆ ಉಮಾವತಿಯ ಜೊತೆಗೇ ಇದ್ದವಳು, ಇಪ್ಪತ್ತೆರಡು ವರ್ಷ. ಮುಖ ಮಾಡುವ ಕಲೆಯನ್ನು ಉಮಾವತಿ ಕಲಿಸಿಕೊಟ್ಟದ್ದು ಲೋಕದಲ್ಲಿ ಇವಳೊಬ್ಬಳಿಗೇ.

"ಮಾವಶಿ? ಇತನೀ ಜಲ್ದೀ?" ದೊಡ್ಡಮ್ಮ ಇಷ್ಟು ಬೇಗ ಬಂದದ್ದು ಅವಳಿಗೆ ಅಚ್ಚರಿ.

ಉಮಾವತಿ ಸೀದಾ ಸ್ಟೂಲು ಹಾಕಿ ಹತ್ತಿದಳು. ಮೊಣಕಾಲಿನ ನೋವು ನೆನಪಿಗೇ ಬರಲಿಲ್ಲ. ಗೋಣಿ ಸರಿಸಿದಳು. ಜಟ್ಟೆಪ್ಪನ ಮುಖದ ಅಚ್ಚು ಇಟ್ಟಲ್ಲೇ ಇತ್ತು. ಆದರೆ ಅದರ ಮೇಲೆ ಧೂಳಿರಲಿಲ್ಲ. ಒಳಗೆ, ಮೂಗಿನ ಸಂದಿಯಲ್ಲಿ, ಹೊಸ ರಬ್ಬರಿನ ಒಂದು ತೆಳು ಚೂರು ಅಂಟಿಕೊಂಡಿತ್ತು.

ಕೆಳಗೆ ನೋಡಿದಳು. ಗಗನಾಳ ಮುಖ ಬಿಳಿಚಿಕೊಂಡಿತ್ತು.

"ಯಾರಿಗೆ ಮಾಡಿ ಕೊಟ್ಟೆ?"

"ಮಾವಶಿ, ಮುಝೇ ಕ್ಯಾ ಪತಾ ಥಾ..."

"ಕನ್ನಡದಲ್ಲಿ ಹೇಳು!"

"ನಂಗೆ ಏನು ಗೊತ್ತಿತ್ತು... ಮುಂಡಪ್ಪ ಅಂಕಲ್ ಆಫೀಸ್‌ದು ನಂಬರ್‌ನಿಂದ ಮೆಸೇಜ್ ಬಂತು," ಹುಡುಗಿ ತಡವರಿಸಿದಳು. "ಡೂಪ್‌ಗೆ ಒಂದು ಫೇಸ್ ಬೇಕು. ಮಾವಶಿಗೆ ಹೇಳಬೇಡ, ಅವರಿಗೆ ಬೇಜಾರು ಆಗ್ತದೆ. ನಿನ್ನ ಹೆಸರು ಪರದೆ ಮೇಲೆ ಹಾಕ್ತೇವೆ ಅಂತ. ನಾನೇ ಅಂಚಿಗೆ ಹತ್ತಿ ಅಂಟಿಸಿ ಕೊಟ್ಟೆ, ಯಾರ ಹೆಲ್ಪ್ ಬೇಡ, ಅವರೇ ಹಾಕಿಕೊಳ್ಳಬಹುದು. ಯಾರೋ ರಿಕ್ಷಾವಾಲಾ ಬಂದು ತಗೊಂಡು ಹೋದ. ಜಟ್ಟೂ ಅಂಕಲ್ ಮಿಸಿಂಗ್ ಆದ ಮೇಲೆ ನಂಗೆ ನಿದ್ದೆ ಇಲ್ಲ, ಮಾವಶಿ." ಅಷ್ಟರಲ್ಲಿ ಅಳು ಬಂತು.

"ಮೆಸೇಜ್ ಉಂಟಾ?"

"ಎಲ್ಲ ಉಂಟು. ಡಿಲೀಟ್ ಮಾಡಿಲ್ಲ."

ಅದು ಸಾಕು. ಇವಳೂ ತನ್ನ ಹಾಗೆಯೇ, ಹೆದರಿ ಬಾಯಿ ಮುಚ್ಚಿಕೊಂಡವಳು. ಉಮಾವತಿ ಸ್ಟೂಲಿನಿಂದ ಇಳಿದು ಹುಡುಗಿಯ ತಲೆಯ ಮೇಲೆ ಕೈಯಿಟ್ಟಳು. ಶ್ರೀವಿದ್ಯಾಗೆ ತಿಳಿಸಬೇಕೆಂದು ಫೋನ್ ಕೈಗೆತ್ತಿಕೊಂಡಳು.

ಒತ್ತುವ ಮೊದಲೇ ಫೋನ್ ಹೊಡೆದುಕೊಂಡಿತು.

ಪರದೆಯ ಮೇಲೆ ಹೆಸರು: ಜಟ್ಟೆಪ್ಪ.

ಒಂಬತ್ತು ದಿನದಿಂದ ಬಂದ್ ಆಗಿದ್ದ ನಂಬರು. ಗಗನಾ ಹಿಂದಕ್ಕೆ ಸರಿದು ಗೋಡೆಗೆ ಆತುಕೊಂಡಳು. ಉಮಾವತಿ ಫೋನನ್ನು ಎರಡೂ ಕೈಯಲ್ಲಿ ಹಿಡಿದು ಕಿವಿಗಿಟ್ಟಳು.

"ಜಟ್ಟೆಪ್ಪಾ? ಎಲ್ಲಿದ್ದೀ ಮಾರಾಯಾ?"

ಮಾತಿಲ್ಲ. ಉಸಿರು ಮಾತ್ರ. ಆಮೇಲೆ ಮರದ ಮೇಲೆ ಬೆರಳು ಬಡಿದ ಸದ್ದು.

ಟಕ್. ಟಕ್. ಟಕ್.

ಬದುಕಿದ್ದಾನೆ! ಯಾರೋ ಬಾಯಿ ಕಟ್ಟಿದ್ದಾರೆ, ಮಾತಾಡಲಾರ, ಆದರೆ ಬದುಕಿದ್ದಾನೆ! ಅಂದು ಕೊಡದೆ ಹೋದ ಉತ್ತರವನ್ನು ಇಂದು ಕೊಡುವ ಆತುರದಲ್ಲಿ ಶ್ರೀವಿದ್ಯಾಳ ಮಾತೊಂದೂ ನೆನಪಾಗಲಿಲ್ಲ.

"ಇದ್ದೇನೆ, ಇಲ್ಲೇ ಇದ್ದೇನೆ! ಹೆದರಬೇಡ. ನಿನ್ನ ಜಾಗದಲ್ಲಿ ಬೇರೆ ಯಾರೋ ಎದ್ದು ಕೂತದ್ದು ಗೊತ್ತಾಯ್ತು. ಎರಡನೇ ಮುಖ ಮಾಡಿದ್ದು ನಮ್ಮ ಗಗನಾ. ಅವಳಿಗೆ ಎಂತದೂ ಗೊತ್ತಿಲ್ಲ ಪಾಪ, ಆದರೆ ಮೆಸೇಜೆಲ್ಲ ಅವಳ ಫೋನಿನಲ್ಲಿ ಉಂಟು. ನಾವಿಬ್ಬರೇ ಇದ್ದೇವೆ ಮನೆಯಲ್ಲಿ. ಈಗಲೇ ಪೊಲೀಸರಿಗೆ ಕೊಡುತ್ತೇವೆ. ಎಲ್ಲಿದ್ದೀ, ಅದೊಂದು ಹೇಗಾದರೂ ಹೇಳು!"

ಅತ್ತ ಕಡೆ ಯಾರೋ ಸಮಾಧಾನದಿಂದ ಉಸಿರು ಬಿಟ್ಟರು.

"ಯಕ್ಕಾ, ನಾ ಜೀವಂತ ಅದೀನ್ರಿ."

ಮಾತು ಜಟ್ಟೆಪ್ಪನದು. ಧ್ವನಿ ಜಟ್ಟೆಪ್ಪನದಲ್ಲ.

ಆ ಮೆತ್ತನೆಯ ಧ್ವನಿ ಅವಳಿಗೆ ಗೊತ್ತಿತ್ತು. ಒಂದು ಗಂಟೆಯ ಹಿಂದೆ ಚಹಾ ಕುಡಿದು ಹೋಗಿ ಎಂದಿತ್ತು. ಪೆಟ್ಟಿಗೆಯಿಂದ ಎದ್ದು ನಕ್ಕವನು ಮಾತಾಡದೆ ಇದ್ದದ್ದೂ ಇದೇ ಧ್ವನಿ ತಿಳಿಯಬಾರದೆಂದೇ. ಒಂದು, ಎರಡು, ಮೂರು ಎಂದು ಬೆರಳಿನ ಗುಟ್ಟನ್ನು ತಾನು ಬಿಡಿಸಿ ಬಿಡಿಸಿ ಹೇಳಿದ್ದು ಅವನ ಕುರ್ಚಿಯ ಬೆನ್ನು ಹಿಡಿದುಕೊಂಡೇ.

"ಸುನಿಲಾ," ಎಂದಳು. "ಶ್ರೀವಿದ್ಯಾ ಮೇಡಂ ಎಲ್ಲಿ?"

ಕುರ್ಚಿ ಸರಿದ ಸದ್ದು, ಬೀಗದ ಕೈ ಎತ್ತಿಕೊಂಡ ಸದ್ದು, ದೂರ ಹೋಗುವ ಹೆಜ್ಜೆ. ಫೋನನ್ನು ಅವನು ಮೇಜಿನ ಮೇಲೆ ಹಾಗೆಯೇ ಬಿಟ್ಟಿದ್ದ. ಬಾಗಿಲು ಮುಚ್ಚಿತು.

ಆ ನಿಶ್ಶಬ್ದದಲ್ಲಿ, ಎಲ್ಲೋ ಕೆಳಗಿನಿಂದ, ನೆಲದ ಹತ್ತಿರದಿಂದ ಬಂತು.

ಟಕ್. ಟಕ್. ಟಕ್.

ಈ ಸಲ ಒಂದೊಂದು ಬಡಿತದ ಜೊತೆಗೂ ಗಾಜಿನ ಬಳೆಗಳು ಸಣ್ಣಗೆ ತಾಗಿ ಸದ್ದಾದವು.